ಕಪ್ಪು ಹೋದ ಕಲ್ಲುಗಳು

ವ್ಯಾನಿನ ಬಾಗಿಲು ಸರಿದಾಗ ತಾಹಿರ್ ಎಂದಿನಂತೆ ಪಕ್ಕದ ಸೀಟಿನ ಮೇಲಿದ್ದ ತನ್ನ ಬ್ಯಾಗನ್ನು ಎತ್ತಿ ತೊಡೆಯ ಮೇಲಿಟ್ಟುಕೊಂಡ. ಬಿಸಿಲು ಬೀಳದ ಬದಿಯ ಆ ಸೀಟನ್ನು ಅವನು ಫರ್ವಾನಿಯಾದಲ್ಲಿ ಹತ್ತಿದಾಗಿನಿಂದ ಫಿಂಟಾಸಿನಲ್ಲಿ ಹತ್ತುವ ಸುಗಂಧಿಗೆಂದು ಹಿಡಿದಿಟ್ಟುಕೊಂಡು ಬರುವುದು ಹೊಸದೇನಲ್ಲ. ಅವನು ಕೆಲಸಕ್ಕೆ ಸೇರಿದ ವಾರದಿಂದಲೇ ಹಾಗೆ. ಕಣ್ಣಿನ ಪೊರೆಯ ಆಪರೇಶನ್ನಿಗೆಂದು ಅವಳು ನವರಾತ್ರಿಯಷ್ಟೂ ದಿನ ಮನೆಯಲ್ಲಿದ್ದಾಗಲೂ ಮೊದಲೆರಡು ದಿನ ಅಭ್ಯಾಸಬಲದಿಂದ ಬ್ಯಾಗು ಅಲ್ಲೇ ಕೂತು ಬಂದಿತ್ತೆಂದು ಡ್ರೈವರು ಹೇಳಿ ನಕ್ಕಿದ್ದ. ಅವಳು ಕೂತಳು. ಕೂತ ಮೇಲೆ, ಬ್ಯಾಗು ಇವತ್ತು ಭಾರವಿದ್ದಂತೆ ಕಂಡಿತಲ್ಲ ಎಂದು ಮನಸ್ಸು ತಾನಾಗಿಯೇ ಹೇಳಿತು. ಎತ್ತುವಾಗ ಅವನ ಮೊಣಕೈ ಸ್ವಲ್ಪ ಹೆಚ್ಚೇ ಬಾಗಿತೆ, ಅಥವಾ ಬುತ್ತಿಯ ಡಬ್ಬಿ ದೊಡ್ಡದಿದೆಯೆ? ದಿನವೂ ನೋಡುವ ಬ್ಯಾಗು, ನೀಲಿಯದು, ಜಿಪ್ಪು ಕೆಟ್ಟು ಪಿನ್ನು ಚುಚ್ಚಿಕೊಂಡದ್ದು. ಅದರ ಭಾರದ ಬಗ್ಗೆ ಅವಳು ಎಂದೂ ಯೋಚಿಸಿದವಳಲ್ಲ. ಕಣ್ಣು ಹೇಗುಂಟು ಎಂದು ಅವನು ಕೇಳಿದ. ಪರವಾಗಿಲ್ಲ ಎಂದಳು. ಡಾಕ್ಟರು ಕೊಟ್ಟ ಕಪ್ಪು ಕನ್ನಡಕ ಮುಖದ ಅರ್ಧವನ್ನು ಮುಚ್ಚಿದ್ದು ಇವತ್ತು ದೊಡ್ಡ ಉಪಕಾರವೆನಿಸಿತು. ಅದರ ಹಿಂದಿನಿಂದ ಯಾವ ಕಡೆ ಬೇಕಾದರೂ ನೋಡಬಹುದಿತ್ತು. ನೋಡಿದ್ದು ಯಾರಿಗೂ ತಿಳಿಯುತ್ತಿರಲಿಲ್ಲ.

ನಿನ್ನೆ ಸಂಜೆ ಮ್ಯಾನೇಜರ್ ಡೊಮಿನಿಕ್‌ನ ಕೋಣೆಗೆ ಹೋಗಿ, ಬಾಗಿಲನ್ನು ತಾನೇ ಮುಚ್ಚಿಕೊಂಡು ಅವಳು ಹೇಳಿದ್ದು ಇಷ್ಟೆ: ಕಪ್ಪು ಕಲ್ಲುಗಳು ಬದಲಾಗಿವೆ, ಅವುಗಳ ಜಾಗದಲ್ಲಿ ಯಾರೋ ಬೇರೆ ಕಲ್ಲು ಇಟ್ಟಿದ್ದಾರೆ. ಸ್ಟೋರಿನ ಬೀಗದ ಕೈ ಯಾರ ಯಾರ ಹತ್ತಿರ ಇದೆ ಎಂದು ಅವನು ಕೇಳಿದ. ನನ್ನ ಹತ್ತಿರ, ಮತ್ತೆ ತಾಹಿರ್ ಹತ್ತಿರ ಎಂದಳು. ಅವನು ಮುಂದೇನೂ ಕೇಳಲಿಲ್ಲ. ಅವಳೂ ಏನೂ ಸೇರಿಸಲಿಲ್ಲ. ರಾತ್ರಿ ಊಟಕ್ಕೆ ಕೂತಾಗ ಗಂಡ ರೋಹಿದಾಸ, ನೀನು ಅವನ ಹೆಸರು ಹೇಳಿದೆಯಾ ಎಂದು ಕೇಳಿದಾಗ, ನಾನು ಬೀಗದ ಕೈಯ ವಿಷಯ ಮಾತ್ರ ಹೇಳಿದೆ ಎಂದು ಗಟ್ಟಿಯಾಗಿಯೇ ಹೇಳಿದ್ದಳು. ಅಷ್ಟು ಗಟ್ಟಿಯಾಗಿ ಹೇಳುವ ಅಗತ್ಯವಿರಲಿಲ್ಲ. ರೋಹಿದಾಸ ಸಾರಿಗೆ ಮತ್ತೊಂದು ಸೌಟು ಅನ್ನ ಕಲಸಿಕೊಂಡ. ಈಗ ವ್ಯಾನಿನಲ್ಲಿ ತಾಹಿರ್ ಕಿಟಕಿಯ ಪರದೆಯನ್ನು ಅವಳ ಕಣ್ಣಿಗೆ ಬೆಳಕು ಬೀಳದಂತೆ ಎಳೆದುಕೊಟ್ಟ. ಇವನಿಗೆ ಗೊತ್ತಾಗಿದೆಯೆ, ಗೊತ್ತಾಗಿಯೇ ಹೀಗೆ ಮಾಡುತ್ತಿದ್ದಾನೆಯೆ ಎಂದು ಅವಳು ಆಫೀಸಿರುವ ಶುಐಬಾದ ಚಿಮಣಿಗಳು ಕಾಣಿಸುವವರೆಗೂ ಯೋಚಿಸಿದಳು.

ಆ ಕಲ್ಲುಗಳು ಬೆಲೆಬಾಳುವ ಹರಳುಗಳೇನಲ್ಲ. ಮೊದಲ ಮಹಾಯುದ್ಧಕ್ಕೆ ಕೆಲವು ವರ್ಷ ಮುಂಚೆ, ಇಲ್ಲಿ ಎಣ್ಣೆ ಇದೆಯೆಂದು ಯಾರೂ ಪ್ರಮಾಣ ಮಾಡಿ ಹೇಳಲಾರದ ಕಾಲದಲ್ಲಿ, ಕಲಕತ್ತೆಯಿಂದ ಒಬ್ಬ ಬ್ರಿಟಿಷ್ ಭೂವಿಜ್ಞಾನಿ ಹಡಗಿನಲ್ಲಿ ಬಂದು, ಒಂಟೆಗಳ ಮೇಲೆ ಗುಡಾರ ಹೇರಿಕೊಂಡು ಮರುಭೂಮಿ ಸುತ್ತಿದ್ದ. ನೆಲದಿಂದ ಡಾಂಬರು ಒಸರುವ ಜಾಗವೊಂದಿದೆ ಎಂದು ಅವನನ್ನು ಕರೆದೊಯ್ದವನು ಒಬ್ಬ ಬೆದೂಯಿನ್ ದಾರಿತೋರುಗ. ಅಲ್ಲಿ ಹೆಕ್ಕಿದ ಮರಳುಗಲ್ಲುಗಳು ಎಣ್ಣೆ ಕುಡಿದು ಕಪ್ಪಾಗಿ, ಕೈಗೆ ಅಂಟುವಂತಿದ್ದವು. ಆ ಸಾಹೇಬ ಅವನ್ನು ಹೊಲಿದ ಬಟ್ಟೆಚೀಲಗಳಲ್ಲಿ ತುಂಬಿ, ಒಂದೊಂದರ ಮೇಲೂ ಬಿಳಿ ಬಣ್ಣದ ಚುಕ್ಕೆಯಿಟ್ಟು ನಂಬರು ಬರೆದ. ಚೀಲಗಳು ಎಲ್ಲೆಲ್ಲೋ ತಿರುಗಿ ಲಂಡನ್ನಿನ ಹರಾಜಿಗೆ ಬಂದಾಗ ಕಂಪೆನಿಯ ಅರಬ್ ಯಜಮಾನರಾದ ಕಫೀಲ್ ಕೊಂಡು ತರಿಸಿ, ಸ್ಟೋರಿನ ಕಪಾಟಿನಲ್ಲಿಟ್ಟು, ಬೀಗದ ಕೈಯನ್ನು ಸುಗಂಧಿಗೆ ಕೊಟ್ಟಿದ್ದರು. ಮೈಸೂರಿನಲ್ಲಿ ಭೂವಿಜ್ಞಾನ ಓದಿ, ಮದುವೆಯಾಗಿ ಇಲ್ಲಿಗೆ ಬಂದು ಟೈಪಿಸ್ಟಾಗಿ ಸೇರಿದವಳಿಗೆ ಕಲ್ಲು ಮತ್ತೆ ಕೈಗೆ ಸಿಕ್ಕಿದ್ದು ಹಾಗೆ. ಚೀಲ ಬಿಚ್ಚಿದರೆ ಸಾಕು, ಹೊಸದಾಗಿ ಡಾಂಬರು ಹಾಕಿದ ರಸ್ತೆಯ ವಾಸನೆ. ಸಾಹೇಬ ಮುಟ್ಟಿದ ಎಣ್ಣೆ ತನ್ನ ಬೆರಳಿಗೂ ಅಂಟುತ್ತದೆಂದು ಅವಳು ಒಮ್ಮೆ ಬೆರಳೆತ್ತಿ ತೋರಿಸಿದಾಗ ತಾಹಿರ್ ತಾನೂ ಮುಟ್ಟಿ ನೋಡಿ, ಮೂಸಿ, ಕೇಳಿದ್ದ: 'ಅಕ್ಕ, ಇಂಥದಕ್ಕೆಲ್ಲ ಹೊರಗೆ ಎಷ್ಟು ಸಿಗ್ಬಹುದು?' ಆಗ ಅವಳು ನಕ್ಕಿದ್ದಳು. ನಿನ್ನೆ ಮಧ್ಯಾಹ್ನದಿಂದ ಆ ಮಾತು ಕಿವಿಯಲ್ಲಿ ಬೇರೆಯೇ ದನಿಯಲ್ಲಿ ಕೇಳುತ್ತಿತ್ತು.

ಸಾಹೇಬನ ವರದಿಯನ್ನು ಇಬ್ಬರೂ ಸೇರಿಯೇ ಓದಿದ್ದರು. ಶರ್ಕ್‌ನ ಹೋಟೆಲಿನಲ್ಲಿ ಈ ವಾರದ ಕೊನೆಗೆ ಪ್ರದರ್ಶನ. ಅದಕ್ಕೆ ಫೋಟೊ ತೆಗೆಯುವುದು, ಪ್ಯಾಕ್ ಮಾಡುವುದು ತಾಹಿರ್‌ನ ಕೆಲಸ, ಪಕ್ಕದಲ್ಲಿಡುವ ವಿವರಣೆ ಬರೆಯುವುದು ಅವಳದು. ವರದಿಯಲ್ಲಿ ಒಂದು ಕಡೆ ಸಾಹೇಬ, ದಾರಿತೋರುಗನು ಬಹುಮಾನದ ಆಸೆಗೆ ಎಲ್ಲಿಂದಲೋ ಡಾಂಬರು ತಂದು ಮಾಮೂಲಿ ಕಲ್ಲುಗಳಿಗೆ ಬಳಿದಿರಬಹುದೆಂಬ ಅನುಮಾನದಿಂದ ಒಂದು ಕಲ್ಲನ್ನು ಅಲ್ಲಿಯೇ ಸುತ್ತಿಗೆಯಿಂದ ಒಡೆದು ನೋಡಿದೆ, ಒಳಗೂ ಕಪ್ಪಿತ್ತು ಎಂದು ಬರೆದಿದ್ದ. ಆಮೇಲೆ ಆ ಗೈಡ್‌ಗೆ ಸಾರಿ ಹೇಳಿದ್ನಾ ಎಂದು ತಾಹಿರ್ ಕೇಳಿದ್ದ. ಅದು ವರದಿಯಲ್ಲಿರಲಿಲ್ಲ. ದಾರಿತೋರುಗನ ಹೆಸರೂ ಇರಲಿಲ್ಲ. ಸಾಹೇಬರುಗಳು ಹಾಗೆಯೇ ಎಂದು ಸುಗಂಧಿ ಹೇಳಿದ್ದಳು, ತನಗೂ ಸಾಹೇಬರುಗಳಿಗೂ ಏನೂ ಸಂಬಂಧವಿಲ್ಲವೆಂಬಂತೆ.

ನಿನ್ನೆ ಸ್ಟೋರಿಗೆ ಬಂದು ಮೇಜಿನ ಮೇಲಿನ ತಟ್ಟೆಗೆ ಹೊದಿಸಿದ್ದ ಬಟ್ಟೆ ಸರಿಸಿದಾಗ ಮೊದಲು ತನ್ನ ಕಣ್ಣನ್ನೇ ಅನುಮಾನಿಸಿದಳು. ಪೊರೆ ತೆಗೆದ ಮೇಲೆ ಎಲ್ಲವೂ ಮೊದಲಿಗಿಂತ ಬಿಳಿಯಾಗಿ ಕಾಣುತ್ತಿತ್ತು. ಮನೆಯ ಗೋಡೆ, ರೋಹಿದಾಸನ ಕೂದಲು, ಅಕ್ಕಿ. ಆದರೆ ಕಲ್ಲುಗಳು ತೆಳುಕಂದು ಬಣ್ಣದಲ್ಲಿ, ಒಣಗಿದ ರಸ್ಕಿನ ತುಂಡುಗಳಂತೆ ಬಿದ್ದಿದ್ದವು. ಮುಟ್ಟಿದರೆ ಬೆರಳಿಗೆ ಏನೂ ಅಂಟಲಿಲ್ಲ. ಬಿಳಿ ಚುಕ್ಕೆಗಳೂ ಇಲ್ಲ, ನಂಬರೂ ಇಲ್ಲ. ಮೂಸಿದಳು. ಡಾಂಬರಿನ ವಾಸನೆಯ ಬದಲು ಏನೋ ಒಂದು ಸಣ್ಣ ಪರಿಮಳ, ಸಿಹಿಯೋ ಹುಳಿಯೋ. ಶುಐಬಾದಲ್ಲಿ ಮೂಗನ್ನು ನಂಬುವಂತಿಲ್ಲ, ಗಾಳಿ ತಿರುಗಿದರೆ ಕಾರ್ಖಾನೆಗಳ ಗಂಧಕವೇ ಎಲ್ಲವನ್ನೂ ನುಂಗುತ್ತದೆ. ಆದರೂ ಆ ಪರಿಮಳವನ್ನು ತಾನು ಬಲ್ಲೆ ಎನಿಸಿತು. ತಾಹಿರ್ ಬಳಿದುಕೊಳ್ಳುವ ಅತ್ತರು ನೆನಪಾಯಿತು. ನೆನಪಾದ ಮೇಲೆ ಅದು ಅದೇ ಎಂದು ಖಾತ್ರಿಯಾಯಿತು. ಆಕಾರ ಹೆಚ್ಚುಕಡಿಮೆ ಹಾಗೆಯೇ ಇದೆಯಲ್ಲ ಎಂದು ಮನಸ್ಸಿನ ಒಂದು ಮೂಲೆ ಹೇಳಿತು. ಆಕಾರ ನೋಡಿ ಕಲ್ಲು ಹುಡುಕುವುದು ಫೋಟೊ ತೆಗೆದವನಿಗೆ ಕಷ್ಟವೇ ಎಂದು ಇನ್ನೊಂದು ಮೂಲೆ ಉತ್ತರ ಕೊಟ್ಟಿತು. ಆ ಉತ್ತರ ಎಷ್ಟು ಬೇಗ ಬಂತೆಂಬುದು ಅವಳಿಗೆ ಆಗ ಹೊಳೆಯಲಿಲ್ಲ.

ವ್ಯಾನಿನಿಂದ ಇಳಿದು ಅವಳು ಒಳಗೆ ಹೋದಳು. ತಾಹಿರ್‌ನನ್ನು ಗೇಟಿನಲ್ಲಿ ನಿಲ್ಲಿಸಿದರು. ಮೇಲಿನ ಕಿಟಕಿಯಿಂದ ನೋಡಿದಳು. ಗೇಟಿನ ಕಾವಲುಗಾರ ಬ್ಯಾಗಿನ ಪಿನ್ನು ತೆಗೆಯಲಾರದೆ ತಾಹಿರ್‌ನ ಕೈಗೇ ಕೊಟ್ಟ, ತಾಹಿರ್ ತೆಗೆದುಕೊಟ್ಟ. ಮೇಜಿನ ಮೇಲೆ ಬುತ್ತಿಡಬ್ಬಿ, ನಮಾಜಿನ ಟೋಪಿ, ಒಂದು ಬಾಚಣಿಗೆ, ಮಡಿಸಿದ ಒಂದು ಕಾಗದ ಸಾಲಾಗಿ ಬಂದವು. ಕಾವಲುಗಾರ ಕಾಗದ ಬಿಡಿಸಿ, ಹೀಗೊಮ್ಮೆ ಹಾಗೊಮ್ಮೆ ತಿರುಗಿಸಿ ನೋಡಿದ. ಅದರಲ್ಲಿ ಅಕ್ಷರವಿಲ್ಲ, ಒಂದು ಡೊಂಕು ಗೆರೆ ಸುತ್ತಿ ಬಂದು ಸೇರಿದಂತಿತ್ತು. ನಕ್ಷೆ ಎಂದುಕೊಂಡಳು ಸುಗಂಧಿ. ಯಾವ ಜಾಗದ ನಕ್ಷೆ? ಕಲ್ಲು ಎಲ್ಲಿ ಸಿಗುತ್ತದೆಂಬುದೆ, ಎಲ್ಲಿ ಮುಟ್ಟಿಸಬೇಕೆಂಬುದೆ? ಡೊಮಿನಿಕ್ ಸ್ವಲ್ಪ ದೂರದಲ್ಲಿ ಮೊಬೈಲು ನೋಡುವವನಂತೆ ನಿಂತಿದ್ದ. ಬೇರೆಯವರೆಲ್ಲ ಅವರ ಬದಿಯಿಂದಲೇ ಒಳಗೆ ಹೋಗುತ್ತಿದ್ದರು, ಯಾರ ಬ್ಯಾಗನ್ನೂ ಕೇಳಲಿಲ್ಲ. ತಾಹಿರ್ ಎಲ್ಲವನ್ನೂ ಮತ್ತೆ ಒಳಗಿಟ್ಟುಕೊಳ್ಳುವಾಗ ಬುತ್ತಿಡಬ್ಬಿಯನ್ನು ಮೊದಲಿಟ್ಟು, ಟೋಪಿಯನ್ನು ಅದರ ಮೇಲಿಡಲು ಹಿಂಜರಿದು, ಕಿಸೆಗೆ ಹಾಕಿಕೊಂಡ. ಅವಳು ಕಿಟಕಿಯಿಂದ ಸರಿದಳು. ತೊಂಬತ್ತರಲ್ಲಿ ಇರಾಕಿನವರು ಈ ದೇಶಕ್ಕೆ ನುಗ್ಗಿದಾಗ, ಜೋರ್ಡಾನಿನ ದಾರಿಯಾಗಿ ಊರಿಗೆ ಓಡಿ ಹೊರಟಿದ್ದ ಅವಳ ಚೀಲವನ್ನೂ ಒಬ್ಬ ಸೈನಿಕ ಹೀಗೆಯೇ ರಸ್ತೆಯ ಮೇಲೆ ಸುರಿದಿದ್ದ. ಒಳ ಲಂಗಗಳು ಧೂಳಿಗೆ ಬಿದ್ದಿದ್ದವು. ಅವನಿಗಿಂತ ಕಿರಿಯನಾದ ಇನ್ನೊಬ್ಬ ಸೈನಿಕ ಬಗ್ಗಿ, ಏನನ್ನೂ ನೋಡದಂತೆ ಮುಖ ಆ ಕಡೆ ತಿರುಗಿಸಿಕೊಂಡು, ಎಲ್ಲವನ್ನೂ ಒಳಗೆ ತುಂಬಿಕೊಟ್ಟಿದ್ದ. ಸುರಿದವನ ಮುಖ ಮರೆತುಹೋಗಿದೆ, ತಿರುಗಿಸಿಕೊಂಡ ಮುಖ ಇನ್ನೂ ನೆನಪಿದೆ.

ತಾಹಿರ್ ಸ್ಟೋರಿಗೆ ಬಂದು ಬ್ಯಾಗನ್ನು ಮೊಳೆಗೆ ತೂಗುಹಾಕಿದ. ಗೇಟಿನಲ್ಲಿ ತನ್ನೊಬ್ಬನ ಬ್ಯಾಗು ನೋಡಿದರೆಂದು, ಪ್ರದರ್ಶನ ಹತ್ತಿರ ಬಂತಲ್ಲ ಅದಕ್ಕೇ ಇರಬೇಕೆಂದು ತಾನೇ ಪ್ರಶ್ನೆ, ತಾನೇ ಉತ್ತರ ಹೇಳಿಕೊಂಡ. ಸುಗಂಧಿ 'ಹೌದಾ' ಎಂದಳು. ಆ ಒಂದು ಮಾತನ್ನು ಆಶ್ಚರ್ಯ ಕಾಣುವಂತೆ ಹೇಳಲು ಅವಳಿಗೆ ಬಹಳ ಕಷ್ಟವಾಯಿತು. ತಟ್ಟೆಯ ಮೇಲಿನ ಬಟ್ಟೆ ಹಾಗೆಯೇ ಇತ್ತು. ಅವನು ಅದರ ಕಡೆ ನೋಡಲಿಲ್ಲ. ಬೇಕೆಂದೇ ನೋಡುತ್ತಿಲ್ಲ ಎಂದುಕೊಂಡಳು. ಸ್ವಲ್ಪ ಹೊತ್ತಿಗೆ ನೋಡಿದ. ಈಗೇಕೆ ನೋಡಿದ ಎಂದುಕೊಂಡಳು. ಫೋಟೊ ಮುಗಿದ ಮೇಲೆ ತಾನು ಆ ತಟ್ಟೆ ಮುಟ್ಟಿಲ್ಲ, ಪ್ಯಾಕಿಂಗನ್ನು ಅಕ್ಕ ಬಂದ ಮೇಲೆಯೇ ಮಾಡುವ ಎಂದು ಬಿಟ್ಟಿದ್ದೇನೆಂದು ಅವನು ಯಾರೂ ಕೇಳದೆಯೇ ಹೇಳಿದ. ಕೇಳದೆ ಯಾಕೆ ಹೇಳಬೇಕು? ಹನ್ನೊಂದರ ಹೊತ್ತಿಗೆ ಅವನೇ ನೆನಪು ಮಾಡಿದ: 'ಅಕ್ಕ, ಡ್ರಾಪ್ಸ್ ಹಾಕುವ ಟೈಮ್ ಆಯ್ತಲ್ಲ.' ಅವಳು ಕುರ್ಚಿಗೆ ತಲೆ ಆನಿಸಿ ಕಣ್ಣಿಗೆ ಔಷಧಿ ಬಿಟ್ಟುಕೊಂಡಳು. ಬಿಟ್ಟ ಮೇಲೆ ಐದು ನಿಮಿಷ ಕಣ್ಣು ತೆರೆಯಬಾರದು. ಫ್ಯಾನು ತಿರುಗುತ್ತಿತ್ತು. ಕತ್ತಲಲ್ಲಿ ಅವನ ಚಪ್ಪಲಿಯ ಸದ್ದು ಕಪಾಟಿನ ಕಡೆಗೆ ಹೋಯಿತು, ನಿಂತಿತು. ಡ್ರಾಯರು ಎಳೆದ ಸದ್ದು. ಏನೋ ಹಗುರವಾದದ್ದನ್ನು ಎತ್ತಿ ಇನ್ನೇನೋ ಮೇಲಿಟ್ಟಂತೆ. ಆಮೇಲೆ ಬಹಳ ಹೊತ್ತು ಏನೂ ಇಲ್ಲ. ಕಿವಿಗೊಟ್ಟು ಕೇಳಿದಳು. ಔಷಧಿಯ ಕಹಿ ಗಂಟಲಿಗೆ ಇಳಿಯಿತು. ಇನ್ನು ತಡೆಯಲಾರೆ ಎನಿಸಿ ಸಮಯಕ್ಕೆ ಮೊದಲೇ ಕಣ್ಣು ಬಿಟ್ಟಳು. ಅವಳ ಬರೆಯುವ ಕಾಗದಗಳು ಫ್ಯಾನಿನ ಗಾಳಿಗೆ ಹಾರದಂತೆ ಅವನು ಅವುಗಳ ಮೇಲೆ ಅಂಟುಟೇಪಿನ ಉಂಡೆಯನ್ನಿಟ್ಟು, ಸದ್ದಾಗಬಾರದೆಂದು ಬಾಗಿಲ ಹತ್ತಿರ ನಿಂತಿದ್ದ.

ಡೊಮಿನಿಕ್ ಬಂದು ತಾಹಿರ್‌ನನ್ನು ಕರೆದುಕೊಂಡು ಹೋದ. ಹೋಗುವ ಮುಂಚೆ ಅವಳನ್ನು ವರಾಂಡಕ್ಕೆ ಕರೆದು ದನಿ ತಗ್ಗಿಸಿದ. ಮಧ್ಯಾಹ್ನದ ನಮಾಜು ಮುಗಿಸಿ ಕಫೀಲ್ ಬರುತ್ತಾರೆ. ಪೊಲೀಸು ಗಿಲೀಸು ಅವರಿಗೆ ಇಷ್ಟವಿಲ್ಲ, ಪೇಪರಿನಲ್ಲಿ ಬಂದರೆ ಪ್ರದರ್ಶನದ ಮರ್ಯಾದೆ ಹೋಗುತ್ತದೆ. 'ಕಲ್ಲು ವಾಪಸ್ ಕೊಟ್ರೆ ಸರಿ, ಇಲ್ಲಾಂದ್ರೆ ಇಕಾಮಾ, ವೀಸಾ ಎಲ್ಲ ಕ್ಯಾನ್ಸಲ್ ಮಾಡಿ ಊರಿಗೆ ಟಿಕೆಟ್ ಕೊಡುದು. ಖಲಾಸ್. ನೀವು ಒಂದೇ ಮಾತು ಹೇಳಿದ್ರೆ ಸಾಕು ಸುಗಂಧಿಬಾಯಿ, ಇದು ಆ ಕಲ್ಲಲ್ಲ ಅಂತ.' ಆಮೇಲೆ ಅವನೇ ಸೇರಿಸಿದ: ಒಳ್ಳೆ ಹುಡುಗ, ಮುಂದಿನ ತಿಂಗಳು ಊರಿಗೆ ಹೋಗುವವನಿದ್ದ, ಮಗಳು ಹುಟ್ಟಿದ ಮೇಲೆ ಮೊದಲ ಸಲ. ಗೇಟಿನಲ್ಲಿ ಅದೇನದು ಕಾಗದ ಎಂದು ಕೇಳಿದರೆ, ಹೆಂಡತಿ ಶಮೀಮಾ ಮಗಳ ಪಾದವನ್ನು ಕಾಗದದ ಮೇಲಿಟ್ಟು ಸುತ್ತ ಪೆನ್ಸಿಲು ಎಳೆದು ಕಳಿಸಿದ್ದಾಳಂತೆ, ಶೂ ಕೊಳ್ಳುವುದಕ್ಕೆ ಅಳತೆ. ಡೊಮಿನಿಕ್ ಹೋದ ಮೇಲೂ ಸುಗಂಧಿ ವರಾಂಡದಲ್ಲೇ ನಿಂತಿದ್ದಳು. ಪಾದ. ಒಂದು ಗೆರೆ ಸುತ್ತಿ ಬಂದು ಸೇರಿದ್ದು. ಮಗಳ ಹೆಸರು ಫಿದಾ ಎಂದು ಅವನು ಎಷ್ಟೋ ಸಲ ಹೇಳಿದ್ದ. ಅವಳಿಗೆ ನಾಚಿಕೆಯಾಯಿತು, ಆದರೆ ಮಗಳಿಗೆ ಶೂ ಕೊಳ್ಳುವವನು ಕಲ್ಲು ಕದಿಯಬಾರದೆಂದೇನೂ ಇಲ್ಲವಲ್ಲ ಎಂದು ಆ ನಾಚಿಕೆಯ ಬೆನ್ನಿಗೇ ಇನ್ನೊಂದು ಮಾತು ಬಂತು. ಈ ಮಾತುಗಳನ್ನು ಒಳಗೆ ಕೂತು ಯಾರು ಹೇಳುತ್ತಿದ್ದಾರೆ, ಎಂದಿನಿಂದ ಅವರು ಅಲ್ಲಿ ಕೂತಿದ್ದಾರೆ?

ಒಂದೇ ಮಾತು ಹೇಳಬೇಕಿತ್ತು. ಹೇಳಲು ಖಾತ್ರಿಯಿರಬೇಕಿತ್ತು. ಮೈಸೂರಿನಲ್ಲಿ ಓದುವಾಗ ಪ್ರೊಫೆಸರು ಹುಡುಗರನ್ನೂ, ಅವರ ಹಿಂದೆ ಸೀರೆಯ ಸೆರಗು ಸಿಕ್ಕಿಸಿಕೊಂಡು ಒಬ್ಬಳೇ ನಡೆಯುತ್ತಿದ್ದ ಅವಳನ್ನೂ ಗುಡ್ಡಗಳ ಮೇಲೆ ಸುತ್ತಿಸುತ್ತಿದ್ದರು. ಬಂಡೆಯ ಹೊರಮೈ ನೋಡಿ ಹೆಸರು ಹೇಳಿದವರಿಗೆ ಅವರು ಉತ್ತರವನ್ನೇ ಕೊಡುತ್ತಿರಲಿಲ್ಲ, ಸುತ್ತಿಗೆ ಕೊಡುತ್ತಿದ್ದರು. ಹೊರಮೈ ಮಳೆ ಬಿಸಿಲಿನದು, ಒಡೆದ ಮೈ ಮಾತ್ರ ಕಲ್ಲಿನದು. ಆ ಬುದ್ಧಿ ಅವಳಿಗೆ ನಿನ್ನೆಯೇ ಬರಬೇಕಿತ್ತು. ಬರಲಿಲ್ಲವೆಂದಲ್ಲ, ಬಂದದ್ದನ್ನು ತಳ್ಳಿದ್ದಳು: ನೂರು ವರ್ಷದ ಕಲ್ಲನ್ನು ಒಡೆಯುವುದುಂಟೆ, ಅದೂ ತನ್ನ ಸುಪರ್ದಿಯಲ್ಲಿರುವುದನ್ನು? ಒಡೆದ ಕಲ್ಲಿಗೆ ತಾನು ಉತ್ತರ ಹೇಳಬೇಕಾಗುತ್ತದೆ. ಅದಕ್ಕಿಂತ ಬಾಗಿಲು ಮುಚ್ಚಿಕೊಂಡು ಬೀಗದ ಕೈಯ ವಿಷಯ ಹೇಳುವುದು ಸುಲಭವಾಗಿತ್ತು. ಹುಡುಗನೊಬ್ಬನನ್ನು ಒಡೆಯುವುದಕ್ಕೆ ಸುತ್ತಿಗೆ ಬೇಕಾಗಲಿಲ್ಲ.

ಒಳಗೆ ಬಂದು ಹತಾರಗಳ ಡ್ರಾಯರು ಎಳೆದಳು. ಸುತ್ತಿಗೆ ಕೈಗೆತ್ತಿಕೊಂಡಾಗ ಹಿಡಿ ನಯವಾಗಿತ್ತು. ಅದರ ಸಂದಿಗಳಲ್ಲಿ ವರ್ಷಗಳಿಂದ ಕೂತಿದ್ದ ಮಣ್ಣು ಇರಲಿಲ್ಲ. ಕಬ್ಬಿಣದ ತಲೆ ಮಿರುಗುತ್ತಿತ್ತು. ಉಳಿ, ಕುಂಚ, ಕೈಗಾಜು ಎಲ್ಲ ಒರೆಸಿ, ಬಿಳಿ ಬಟ್ಟೆಯ ಮೇಲೆ ಸಾಲಾಗಿ ಮಲಗಿಸಿದ್ದವು. ಸುತ್ತಿಗೆಯ ಕುತ್ತಿಗೆಗೆ ಒಂದು ಹಳದಿ ಸೇವಂತಿಗೆಯನ್ನು ದಾರದಿಂದ ಕಟ್ಟಲಾಗಿತ್ತು, ಹೂ ಒಣಗಿ ಅರ್ಧ ಉದುರಿತ್ತು. ಅವಳು ಸುತ್ತಿಗೆಯನ್ನು ಮೂಗಿನ ಹತ್ತಿರ ತಂದಳು. ಅದೇ ಪರಿಮಳ. ಅತ್ತರಲ್ಲ. ಟೀ ಕೋಣೆಯ ಸಿಂಕಿನ ಮೇಲಿರುವ ನಿಂಬೆಯ ಸೋಪುನೀರು.

ಮೊಯ್ದಿನಬ್ಬ ಟೀ ತಂದಿಟ್ಟರು. ಆಫೀಸಿನಲ್ಲಿ ಚಹಾ ಕೊಡುವ, ನೆಲ ಒರೆಸುವ ಉಳ್ಳಾಲದ ಮುದುಕ; ಸುಗಂಧಿಗಿಂತ ಮೊದಲೇ ಈ ಕಟ್ಟಡಕ್ಕೆ ಬಂದವರು. ಪ್ರತಿವರ್ಷ ಆಯುಧಪೂಜೆಗೆ ಅವಳು ಸ್ಟೋರಿನ ಹತಾರಗಳನ್ನು ತೊಳೆದು ಹೂವಿಡುವಾಗ ಬಕೆಟಿನಲ್ಲಿ ನೀರು ತಂದುಕೊಡುತ್ತಿದ್ದವರು ಅವರೇ, ಆಮೇಲೆ ಬೆಲ್ಲ ಕಲಸಿದ ಅವಲಕ್ಕಿ ತಿನ್ನುತ್ತಿದ್ದವರೂ. ಬೆಳಿಗ್ಗೆ ಎಲ್ಲರಿಗಿಂತ ಮೊದಲು ಬಂದು ಕೋಣೆಗಳ ಬಾಗಿಲು ತೆಗೆದು ಗುಡಿಸುವವರು. ಬೀಗದ ಕೈಯ ಗೊಂಚಲು ಅವರ ಸೊಂಟದಲ್ಲೇ ತೂಗುತ್ತಿತ್ತು, ಈಗಲೂ. ನಿನ್ನೆ ಅದು ಅವಳಿಗೂ ನೆನಪಾಗಿರಲಿಲ್ಲ, ಡೊಮಿನಿಕ್‌ಗೂ. ಅವರು ಅವಳ ಕೈಯ ಸುತ್ತಿಗೆ ನೋಡಿ, ಬಾಯಿ ತುಂಬ ನಕ್ಕರು.

'ಆಯ್ತಲ್ಲ ಅಮ್ಮ, ಈಗ ನೋಡಿದ್ರಾ? ನಿನ್ನೆಯೇ ನೋಡ್ತೀರಿ ಅಂತ ಕಾದಿದ್ದೆ. ನೀವಿಲ್ಲ ಅಂತ ಈ ವರ್ಷ ಬಿಟ್ಟು ಹೋಗ್ಬಾರ್ದಲ್ಲ. ಕುಂಕುಮ ಹೇಗೆ ಇಡುದು ನಂಗೆ ಗೊತ್ತಿಲ್ಲ, ಇಡ್ಲಿಲ್ಲ. ಹೂ ಮಾತ್ರ.'

ಕಲ್ಲು ಎಂದಳು ಸುಗಂಧಿ. ತಟ್ಟೆಯ ಕಡೆ ಕೈ ತೋರಿಸಿದಳು.

'ಅದಾ? ಎಂಥಾ ಕೊಳೆ ಮಾರಾಯ್ರೆ ಅದರಲ್ಲಿ. ಕೈಗೆ ಅಂಟ್ತಿತ್ತು. ಅರಬ್ಬಿಗಳು, ದೊಡ್ಡ ದೊಡ್ಡವರು ನೋಡ್ಲಿಕ್ಕೆ ಬರುದು, ಇಷ್ಟು ಗಲೀಜು ಇಟ್ರೆ ನಿಮ್ಗೆ ಅಲ್ವಾ ಮಾತು ಬರುದು. ಸೋಪಿಗೆ ಹೋಗ್ಲಿಲ್ಲ. ಮೇಂಟೆನೆನ್ಸಿನ ಕೊನ್ರಾಡ್‌ನ ಹತ್ರ ಥಿನ್ನರ್ ತಂದು ತಿಕ್ಕಿದೆ, ಎರಡು ದಿನ. ಮತ್ತೆ ಸೋಪು.' ಅವರು ತಮ್ಮ ಅಂಗೈ ತೋರಿಸಿದರು. ಥಿನ್ನರಿಗೆ ಚರ್ಮ ಬಿಳಿಚಿ ಸುಲಿದಿತ್ತು. 'ಕಲ್ಲು ಕಳುವಾಗಿದೆ ಅಂತ ಕೆಳಗೆ ಎಂತದೋ ಗಲಾಟೆ. ಕಲ್ಲೆಲ್ಲ ಇಲ್ಲೇ ಉಂಟಲ್ಲ ಅಮ್ಮ?'

ಸುಗಂಧಿಯ ಕಣ್ಣು ಆ ಅಂಗೈಯ ಮೇಲಿತ್ತು. ನಂಬಲಿಕ್ಕೆ ಇನ್ನೇನು ಬೇಕಿತ್ತು? ಆದರೂ ಅವಳು ನಂಬಲಿಲ್ಲ. ಇವರೂ ಬ್ಯಾರಿ, ಅವನೂ ಬ್ಯಾರಿ. ಇವರ ಊರಿಗೂ ಅವನ ಊರಿಗೂ ನಡುವೆ ಇರುವುದು ಒಂದೇ ಸೇತುವೆ. ಹುಡುಗನನ್ನು ಉಳಿಸಲೆಂದು ಕೆಳಗಿನ ಗಲಾಟೆ ಕೇಳಿ ಈಗಷ್ಟೇ ಹೆಣೆದುಕೊಂಡು ಬಂದರೆ? ಹತಾರ ತೊಳೆದದ್ದು ನಿಜವಿರಬಹುದು, ಕಲ್ಲು ತೊಳೆದದ್ದನ್ನು ಅದಕ್ಕೆ ಸೇರಿಸಿದ್ದರೆ? ಈ ಯೋಚನೆ ಬಂದಾಗ ಅವಳಿಗೆ ಭಯವಾಯಿತು, ಕತ್ತಲಲ್ಲಿ ತನ್ನದೇ ಮನೆಯ ಗೋಡೆ ಸಿಗದೆ ತಡವರಿಸುವವಳಂತೆ. ಮೊಯ್ದಿನಬ್ಬರ ಮುಖ ನೋಡಲಾರದೆ ತಟ್ಟೆಯ ಬಟ್ಟೆ ತೆಗೆದು, ಒಂದು ಕಲ್ಲನ್ನು ಎತ್ತಿ ನೆಲದ ಮೇಲಿನ ಕಬ್ಬಿಣದ ಹಲಗೆಗಿಟ್ಟಳು. ಮಂಡಿ ಊರಿ ಕೂತಳು. ಬಗ್ಗಬಾರದೆಂದು ಡಾಕ್ಟರು ಹೇಳಿದ್ದರು. ಕಲ್ಲು ಜಾರುವುದನ್ನು ನೋಡಿ ಮೊಯ್ದಿನಬ್ಬರೂ ಎದುರಿಗೆ ಕೂತು, ಹೆಗಲ ಮೇಲಿನ ಟವೆಲನ್ನು ಸುರುಳಿ ಸುತ್ತಿ ಕಲ್ಲಿನ ಸುತ್ತ ಇಟ್ಟು, ಎರಡೂ ಕೈಯಿಂದ ಒತ್ತಿ ಹಿಡಿದರು. ಯಾಕೆ ಒಡೆಯುತ್ತೀರಿ ಎಂದು ಕೇಳಲಿಲ್ಲ. ತಮ್ಮ ಮಾತನ್ನು ಪರೀಕ್ಷೆ ಮಾಡುವುದಕ್ಕೆ ಎಂದು ಅವರಿಗೆ ಹೊಳೆಯುವಂತೆಯೂ ಇರಲಿಲ್ಲ. 'ಕಣ್ಣಿಗೆ ಚೂರು ಹಾರ್ತದೆ ಅಮ್ಮ, ಮುಖ ಆ ಕಡೆ ಮಾಡಿ' ಎಂದರು.

ಮೊದಲ ಪೆಟ್ಟಿಗೆ ಪುಡಿ ಉದುರಿತು. ಎರಡನೆಯದಕ್ಕೆ ಕಲ್ಲು ಎರಡಾಗಿ ಬಿತ್ತು. ಹೊರಗೆ ಉಗುರಿನ ದಪ್ಪದಷ್ಟು ರಸ್ಕಿನ ಬಣ್ಣ. ಒಳಗೆ ಕಪ್ಪು, ಒದ್ದೆಯಾದಂತೆ ಹೊಳೆಯುವ ಕಪ್ಪು. ಎಲ್ಲಿಂದಲೋ ಎದ್ದು ಬಂದ ಹಾಗೆ ಡಾಂಬರಿನ ವಾಸನೆ ಇಬ್ಬರ ನಡುವೆ ತುಂಬಿತು. ಮೊಯ್ದಿನಬ್ಬ ಟವೆಲು ಎಳೆದುಕೊಂಡು ನೋಡಿದರು, ಅದರ ಮೇಲೂ ಕಪ್ಪು ಹತ್ತಿತ್ತು. ಒಡೆದ ಮೈಯನ್ನೂ ತಮ್ಮ ಅಂಗೈಯನ್ನೂ ಅವಳನ್ನೂ ಒಂದಾದ ಮೇಲೊಂದು ನೋಡಿದರು. 'ಓ, ಇದು ಕೊಳೆ ಅಲ್ವಾ' ಎಂದರು, ಬಹಳ ಸಣ್ಣ ದನಿಯಲ್ಲಿ. ಆಮೇಲೆ ಬೀಗದ ಕೈಯ ಗೊಂಚಲನ್ನು ಸೊಂಟದಿಂದ ಬಿಚ್ಚಿ ಮೇಜಿನ ತುದಿಯಲ್ಲಿಟ್ಟರು. ಅವಳು ಅದನ್ನೆತ್ತಿ ತಿರುಗಿ ಅವರ ಕೈಗೇ ಕೊಟ್ಟು, ಟೀ ಆರುತ್ತಿದೆ, ಡೊಮಿನಿಕ್ ಸಾರ್ ಮತ್ತು ತಾಹಿರ್ ಇಬ್ಬರನ್ನೂ ಬರಹೇಳಿ ಎಂದಳು.

ಅವರು ಬಂದಾಗ ಅವಳು ಇನ್ನೂ ನೆಲದ ಮೇಲೆಯೇ ಇದ್ದಳು. ಎದ್ದರೆ ಹೇಳಲಾರೆ ಎನಿಸಿತ್ತು. ಒಡೆದ ಎರಡು ಹೋಳುಗಳನ್ನು ಎತ್ತಿ ತೋರಿಸಿದಳು. ಇವೇ ಆ ಕಲ್ಲುಗಳು, ಬದಲಾಗಿಲ್ಲ, ತೊಳೆದಿದ್ದಾರೆ ಅಷ್ಟೆ, ನಾನು ಒಡೆದು ನೋಡದೆ ಹೇಳಿದ್ದು ತಪ್ಪು ಎಂದಳು. ಇದನ್ನು ಬಹಳ ಸಲೀಸಾಗಿ ಹೇಳಿದ್ದು ತನ್ನ ಕಿವಿಗೇ ವಿಚಿತ್ರವಾಗಿ ಕೇಳಿತು. ಡೊಮಿನಿಕ್ ತಲೆ ಕೆರೆದುಕೊಂಡ. ಪ್ರದರ್ಶನಕ್ಕೆ ಇಟ್ಟ ಕಲ್ಲು ತೊಳೆಯುವಷ್ಟು ತಲೆಯಿಲ್ಲದವರು ಯಾರೆಂದು ಅವನು ಬಾಗಿಲಲ್ಲಿ ನಿಂತ ಮುದುಕನ ಕಡೆ ತಿರುಗುವಷ್ಟರಲ್ಲಿ ಅವಳು ಹೇಳಿದಳು.

'ಆಯುಧಪೂಜೆಗೆ ತೊಳೆದದ್ದು ಡೊಮಿನಿಕ್. ಪೂಜೆ ನನ್ನದು. ಕಫೀಲ್ ಕೇಳಿದ್ರೆ ಹಾಗೆಯೇ ಹೇಳಿ, ಅಥವಾ ನಾನೇ ಹೇಳ್ತೇನೆ.'

ಮೊಯ್ದಿನಬ್ಬ ತಾಹಿರ್‌ನ ಮುಖ ನೋಡಿದರು. ತಾಹಿರ್ ಕಲ್ಲನ್ನು ನೋಡುತ್ತಿರಲಿಲ್ಲ. ಬೆಳಗಿನಿಂದ ನಡೆದದ್ದೆಲ್ಲ, ಗೇಟು, ಬ್ಯಾಗು, ಡೊಮಿನಿಕ್‌ನ ಕೋಣೆಯಲ್ಲಿ ಕೂರಲೂ ಹೇಳದೆ ನಿಲ್ಲಿಸಿದ್ದು, ಈಗ ಒಂದೊಂದಾಗಿ ತಮ್ಮ ತಮ್ಮ ಜಾಗದಲ್ಲಿ ಹೋಗಿ ಕೂರುತ್ತಿರುವಂತೆ ಅವನು ಅವಳನ್ನು ನೋಡಿದ. ಅವಳು ಕಪ್ಪು ಕನ್ನಡಕ ತೆಗೆದಳು. ಬೆಳಕು ಚುಚ್ಚಿ ನೀರು ಬಂತು. ಅದನ್ನು ಅಳು ಎಂದುಕೊಂಡಾನೋ, ಅಳುವಿನ ನಾಟಕ ಎಂದುಕೊಂಡಾನೋ ಎಂದು ಆಗಲೂ ಯೋಚಿಸಿದಳು.

'ನನ್ನತ್ರ ಒಂದು ಮಾತು ಕೇಳ್ಬಹುದಿತ್ತಲ್ಲ ಅಕ್ಕ' ಎಂದ ಅವನು. ಸಿಟ್ಟಿರಲಿಲ್ಲ, ನಿಜವಾಗಿಯೂ ಅದೊಂದೇ ಅವನಿಗೆ ಅರ್ಥವಾಗದೆ ಉಳಿದಂತಿತ್ತು. ಮೊಯ್ದಿನಬ್ಬ ತಂದುಕೊಟ್ಟ ಟೀಯನ್ನು ತೆಗೆದುಕೊಂಡ, ಕುಡಿಯದೆ ಕಿಟಕಿಯ ಕಟ್ಟೆಯ ಮೇಲಿಟ್ಟು ಪ್ಯಾಕಿಂಗಿನ ಕೆಲಸಕ್ಕೆ ಕೂತ.

ಕಫೀಲ್ ಬಂದರು, ಒಡೆದ ಕಲ್ಲನ್ನು ಮೂಸಿದರು, ಯಾಕೋ ಬಹಳ ಸಂತೋಷಪಟ್ಟು ಅದನ್ನೇ ಪ್ರದರ್ಶನದ ನಡುವೆ ಇಡಿ ಎಂದು ಹೇಳಿ ಹೋದರು. ಉಳಿದ ಮಧ್ಯಾಹ್ನ ಸ್ಟೋರಿನಲ್ಲಿ ಟೇಪು ಹರಿಯುವ ಸದ್ದು ಮಾತ್ರವಿತ್ತು. ಮಧ್ಯಾಹ್ನದ ಔಷಧಿಯನ್ನು ಯಾರೂ ನೆನಪು ಮಾಡಲಿಲ್ಲ, ಅವಳೇ ಹಾಕಿಕೊಂಡಳು. ಸಂಜೆ ಮೊಯ್ದಿನಬ್ಬ ಅವಳ ಕಪ್ಪಾದ ಬೆರಳು ನೋಡಿ ನಿಂಬೆಯ ಸೋಪು ತರಲೆ ಎಂದು ಕೇಳಲು ಹೊರಟು, ಅರ್ಧದಲ್ಲೇ ನಿಲ್ಲಿಸಿ, ತಾವೇ ನಾಚಿಕೊಂಡು ನಕ್ಕರು. ಅವಳೂ ನಕ್ಕಳು. ಇಡೀ ದಿನದಲ್ಲಿ ಆ ನಗುವೊಂದನ್ನು ಅವಳು ಅನುಮಾನದಿಂದ ತಿರುಗಿಸಿ ನೋಡಲಿಲ್ಲ.

ವ್ಯಾನು ಹೊರಡಲು ನಿಂತಿತ್ತು. ಅವಳು ಹತ್ತಿದಾಗ ತಾಹಿರ್ ಎಂದಿನ ಜಾಗದಲ್ಲಿ ಕೂತಿದ್ದ, ಪಕ್ಕದ ಸೀಟಿನ ಮೇಲೆ ನೀಲಿ ಬ್ಯಾಗಿತ್ತು. ಆದರೆ ಅವನ ಕೈ ಎಂದಿನಂತೆ ಅದರ ಕಡೆ ಹೋಗಲಿಲ್ಲ. ಬ್ಯಾಗು ಅವಳಿಗಾಗಿ ಇದೆಯೆ, ಅವಳು ಬಾರದಿರಲೆಂದು ಇದೆಯೆ? ಅವನಿಗೆ ಅವಳು ಹತ್ತಿದ್ದು ಕಾಣಲಿಲ್ಲವೆ, ಕಂಡೂ ಹೀಗಿದ್ದಾನೆಯೆ? ಹಿಂದೆ ಬೇರೆ ಸೀಟುಗಳು ಖಾಲಿಯಿದ್ದವು. ಹೋಗಿ ಕೂತುಬಿಟ್ಟರೆ ಯಾರೂ ಏನೂ ಹೇಳುವುದಿಲ್ಲ. ಫಿಂಟಾಸಿನವರೆಗೆ ಅವನ ತಲೆಯ ಹಿಂಭಾಗ ನೋಡುತ್ತ, ಅದರೊಳಗೆ ಏನಿದೆಯೆಂದು ತನಗೆ ಬೇಕಾದಂತೆ ಹೆಣೆಯುತ್ತ ಹೋಗಬಹುದು. ನಾಳೆಯೂ ಹೋಗಬಹುದು. ಡ್ರೈವರು ಕನ್ನಡಿಯಲ್ಲಿ ನೋಡಿ ಯಲ್ಲಾ ಮೇಡಂ, ಹೊರಡುವ ಎಂದ. ಅವಳು ಕಂಬಿ ಹಿಡಿದು ನಿಂತೇ ಇದ್ದಳು. ಬೆರಳಿನಿಂದ ಡಾಂಬರಿನ ವಾಸನೆ ಬರುತ್ತಿತ್ತು.

'ತಾಹಿರ್, ಇಲ್ಲಿ ನಾನು ಕೂರಬಹುದಾ?'

ಅವನು ತಲೆಯೆತ್ತಿದ. ಕೇಳಿದ್ದು ಅವಳೇ ಹೌದೋ ಎಂದು ನೋಡುವಂತೆ ಸ್ವಲ್ಪ ಹೊತ್ತು ನೋಡಿದ. ಆಮೇಲೆ ಬ್ಯಾಗಿನ ಪಿನ್ನು ಅವಳ ಸೀರೆಗೆ ಸಿಕ್ಕದಂತೆ ಒಳಮುಖ ಮಾಡಿ, ಎತ್ತಿ ತೊಡೆಯ ಮೇಲಿಟ್ಟುಕೊಂಡು, ಕಿಟಕಿಯ ಕಡೆ ತಿರುಗಿದ. ಸುಗಂಧಿ ಕೂತಳು. ಬ್ಯಾಗು ಭಾರವಿತ್ತೋ ಹಗುರವಿತ್ತೋ, ಅವಳು ನೋಡಲಿಲ್ಲ.